ಲಕ್ಷ್ಮಣ್ ಅವರಿಗೇ ಸೀಟು ಸಿಗಲಿಲ್ಲವಂತೆ, ನನ್ನ ಮಗಳು ಕಾರ್ಟೂನಿಸ್ಟ್ ಆಗಬಹುದೇ?

ಪ್ರಶ್ನೆ: ಮಗಳು ದ್ವಿತೀಯ ಪಿಯುಸಿ. ನೋಟ್ ಪುಸ್ತಕದ ಅಂಚಿನಲ್ಲೆಲ್ಲ ಮೇಷ್ಟ್ರುಗಳ, ಮಂತ್ರಿಗಳ ಮುಖ ಬರೆದಿರುತ್ತಾಳೆ. ಮುಂದೆ ಪತ್ರಿಕೆಗೆ ಕಾರ್ಟೂನ್ ಬರೆಯುತ್ತೇನೆ ಅಂತ ಹಟ. ಚಿತ್ರಕಲಾ ಕಾಲೇಜಿಗೆ ಸೇರಿಸಲೇಬೇಕೆ? ಆರ್.ಕೆ. ಲಕ್ಷ್ಮಣ್ ಅವರನ್ನೇ ಕಾಲೇಜಿನವರು ಸೇರಿಸಿಕೊಳ್ಳಲಿಲ್ಲ ಅಂತಾರಲ್ಲ, ನಿಜವೇ?
– ಮದ್ದೂರಿನ ಓದುಗರೊಬ್ಬರು

ನಿಜ. ಹೈಸ್ಕೂಲು ಮುಗಿಸಿದ ಲಕ್ಷ್ಮಣ್ ಮುಂಬಯಿಯ ಜೆ.ಜೆ. ಕಲಾ ಶಾಲೆಗೆ ಅರ್ಜಿ ಹಾಕಿದ್ದರು. ಅಲ್ಲಿಗೆ ಸೇರಲು ಬೇಕಾದಷ್ಟು ಪ್ರತಿಭೆ ನಿನ್ನ ಚಿತ್ರಗಳಲ್ಲಿಲ್ಲ ಎಂಬರ್ಥದ ಪತ್ರ ಬಂತು. ಮೈಸೂರು ವಿಶ್ವವಿದ್ಯಾಲಯದಲ್ಲೇ ಬಿ.ಎ. ಮಾಡಿದರು. ಅದೇ ವಿಶ್ವವಿದ್ಯಾಲಯ 2004ರಲ್ಲಿ ಅವರಿಗೆ ಗೌರವ ಡಾಕ್ಟರೇಟ್ ಕೊಟ್ಟಿತು.

ಈ ಕತೆಯನ್ನು ಹೇಳುವವರು ಬಹಳ ಮಂದಿ. ಹೇಳಿ, 'ನೋಡಿ, ಕಲಿಯದೆಯೂ ಆಗಬಹುದು' ಎಂದು ಮುಗಿಸಿಬಿಡುತ್ತಾರೆ. ನನಗೆ ಬೇಸರವಾಗುವುದು ಅಲ್ಲೇ. ಲಕ್ಷ್ಮಣ್ ಕಾಲೇಜಿನಲ್ಲಿ ಕಲಿಯಲಿಲ್ಲ ಅಷ್ಟೆ. ಕಲಿತದ್ದು ಮಾತ್ರ ಬೆಟ್ಟದಷ್ಟು.

1921ರಲ್ಲಿ ಮೈಸೂರಿನಲ್ಲಿ ಹುಟ್ಟಿದವರು ಅವರು. ತಂದೆ ಹೆಡ್‌ಮಾಸ್ಟರು. ಮನೆಗೆ ಬರುತ್ತಿದ್ದ ಇಂಗ್ಲಿಷ್ ಪತ್ರಿಕೆಗಳ ಚಿತ್ರಗಳನ್ನು, ಅಕ್ಷರ ಓದಲು ಬರುವ ಮೊದಲೇ, ಕಣ್ಣು ಕೀಳದೆ ನೋಡುತ್ತಿದ್ದ ಹುಡುಗ. ನೆಲ, ಗೋಡೆ, ಬಾಗಿಲು ಯಾವುದನ್ನೂ ಬಿಟ್ಟವನಲ್ಲ. ಶಾಲೆಯಲ್ಲಿ ಬರೆದ ಒಂದು ಅರಳಿ ಎಲೆಯನ್ನು ಮೇಷ್ಟ್ರು ಮೆಚ್ಚಿದ್ದೇ ತನ್ನನ್ನು ಕಲಾವಿದನೆಂದುಕೊಳ್ಳಲು ಸಾಕಾಯಿತಂತೆ. ಕೋಣೆಯ ಕಿಟಕಿಯಾಚೆ ಕಂಡ ಒಣ ಕಡ್ಡಿ, ಹರಿದಾಡುವ ಹಲ್ಲಿಯಂಥ ಜೀವಿಗಳು, ಸೌದೆ ಒಡೆಯುವ ಆಳು, ಎದುರು ಮನೆಯ ಸೂರಿನ ಮೇಲಿನ ಕಾಗೆಗಳು, ಇವೇ ಅವರಿಗೆ ಪಾಠವಾದವು. ಕಾಲೇಜಿನಲ್ಲಿರುವಾಗಲೇ ಅಣ್ಣ ಆರ್.ಕೆ. ನಾರಾಯಣ್ ಅವರ ಕತೆಗಳಿಗೆ 'ದಿ ಹಿಂದೂ'ವಿನಲ್ಲಿ ಚಿತ್ರ ಬರೆದರು. 1942ರಲ್ಲಿ ಡಾಕ್ಟರ್ ಎಂ. ಶಿವರಾಂ, ಅಂದರೆ 'ರಾಶಿ' ಕಾವ್ಯನಾಮದ ನಮ್ಮ ಲೇಖಕರು, ಶುರು ಮಾಡಿದ ಹಾಸ್ಯಪತ್ರಿಕೆ 'ಕೊರವಂಜಿ'ಗೂ ಬರೆದರು. ದೇಶವೆಲ್ಲ ಕೊಂಡಾಡಿದ ಆ ಗೆರೆ ಪಳಗಿದ್ದರಲ್ಲಿ ಕನ್ನಡದ ಪತ್ರಿಕೆಗೂ ಪಾಲಿದೆ ಎಂಬುದು ನಮ್ಮ ಮಕ್ಕಳಿಗೆ ಗೊತ್ತಿರಬೇಕು.

ಆಮೇಲಿನದು ಎಲ್ಲರಿಗೂ ತಿಳಿದ ಕತೆ. ಮುಂಬಯಿಯ 'ಫ್ರೀ ಪ್ರೆಸ್ ಜರ್ನಲ್'ನಲ್ಲಿ ಕೆಲಸ, ಅಲ್ಲಿ ಜೊತೆಗಾರ ಬಾಳ ಠಾಕ್ರೆ. 1947ರಲ್ಲಿ 'ಟೈಮ್ಸ್ ಆಫ್ ಇಂಡಿಯಾ'. ಅಲ್ಲಿ ಐವತ್ತು ವರ್ಷಕ್ಕೂ ಮಿಕ್ಕಿದ ದುಡಿಮೆ. 1984ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ, 2005ರಲ್ಲಿ ಪದ್ಮವಿಭೂಷಣ. 2015ರ ಜನವರಿ 26ರಂದು ಪುಣೆಯಲ್ಲಿ ತೀರಿಕೊಂಡರು.

ಮಗಳಿಗೆ ನೀವು ಹೇಳಬೇಕಾದದ್ದು ಪ್ರಶಸ್ತಿಗಳ ಕತೆಗಿಂತ ಲಕ್ಷ್ಮಣ್ ಕಾರ್ಟೂನುಗಳ ಆ ಚೌಕಳಿ ಕೋಟಿನ ಮನುಷ್ಯನ ಕತೆ. ಧೋತ್ರ, ದುಂಡು ಕನ್ನಡಕ, ಬೋಳುತಲೆಯ ಅಂಚಿನಲ್ಲಿ ನಾಲ್ಕು ಬಿಳಿ ಕೂದಲು, ತುಟಿ ಬಿಚ್ಚದ ಶ್ರೀಸಾಮಾನ್ಯ. ಆತ ಒಂದೇ ದಿನ ಹೊಳೆದು ಬಂದವನಲ್ಲ. ಮೊದಮೊದಲು ಲಕ್ಷ್ಮಣ್ ಬಂಗಾಳಿ, ತಮಿಳ, ಪಂಜಾಬಿ ಎಂದು ಎಲ್ಲ ಪ್ರಾಂತ್ಯದವರನ್ನೂ ಚಿತ್ರದೊಳಗೆ ತುಂಬುತ್ತಿದ್ದರು. ಪುಟ ಅಚ್ಚಿಗೆ ಹೋಗುವ ಹೊತ್ತು ತಲೆಯ ಮೇಲೆ ಕೂತಿರುತ್ತಿತ್ತು. ಒಬ್ಬೊಬ್ಬರನ್ನೇ ಬಿಡುತ್ತಾ ಬಂದರು. ಕೊನೆಗೆ ಉಳಿದವನು ಒಬ್ಬ, ಅವನೇ ಎಲ್ಲರೂ ಆದ. 1951ರಲ್ಲಿ ಶುರುವಾದ 'ಯೂ ಸೆಡ್ ಇಟ್' ಎಂಬ ಪುಟ್ಟ ಚೌಕದಲ್ಲಿ ಅವನು ದಿನವೂ ಬಂದು ನಿಂತ, ನೋಡಿದ, ಮಾತಾಡಲಿಲ್ಲ.

ಈ 'ಬಿಡುವ' ಕೆಲಸವನ್ನು ನಾನು ಕಣ್ಣಾರೆ ಕಂಡಿದ್ದೇನೆ. ಮೈಸೂರಿನ ಪತ್ರಿಕೆಯೊಂದರಲ್ಲಿ ಪುಟ ಕಟ್ಟುವ ಕೆಲಸದಲ್ಲಿದ್ದಾಗ ಪಕ್ಕದ ಮೇಜು ನಮ್ಮ ವ್ಯಂಗ್ಯಚಿತ್ರಕಾರರದು. ಮಂಡ್ಯದ ರೈತರಿಗೆ ಕಬ್ಬಿನ ಬಾಕಿ ಬಂದಿಲ್ಲ ಎಂಬುದು ಆ ದಿನದ ಸುದ್ದಿ. ಸಂಜೆ ಐದಕ್ಕೆ ಅವರ ಹಾಳೆಯಲ್ಲಿ ಕಾರ್ಖಾನೆಯ ಚಿಮಣಿ, ಮಂತ್ರಿ, ಬ್ಯಾಂಕಿನವರು, ರೈತ, ಗಾಡಿ, ಎತ್ತು ಎಲ್ಲ ಇದ್ದರು. ಕೆಳಗೆ ಎರಡು ಸಾಲು ಮಾತು. ಆರಕ್ಕೆ ಮಂತ್ರಿಯನ್ನು ರಬ್ಬರಿನಿಂದ ಉಜ್ಜಿದರು. ಆರೂವರೆಗೆ ಚಿಮಣಿ ಹೋಯಿತು. ಪೆನ್ಸಿಲ್ ಮೇಲೆ ಕುಂಚದಿಂದ ಇಂಡಿಯನ್ ಇಂಕ್ ಎಳೆಯುವ ಹೊತ್ತಿಗೆ ಉಳಿದದ್ದು ಇಷ್ಟೇ: ಬರಿಗೈಯಲ್ಲಿ ಬರುತ್ತಿರುವ ರೈತ, ಖಾಲಿ ಗಾಡಿ, ಎರಡು ಎತ್ತು. ಒಂದು ಎತ್ತು ಇನ್ನೊಂದಕ್ಕೆ ಹೇಳುತ್ತಿದೆ, 'ನಮಗಾದ್ರೂ ಹುಲ್ಲು ಸಿಕ್ತು.' ನಾನು ನಗಲು ಹೋಗಿ ಅರ್ಧಕ್ಕೇ ನಿಲ್ಲಿಸಿದೆ. ನಮ್ಮ ಮಾವನವರೂ ಕಬ್ಬು ಬೆಳೆದವರು.

ಇದನ್ನು ಕಲಿಸುವ ಕೋರ್ಸು ನನಗೆ ಗೊತ್ತಿಲ್ಲ. ಹಾಗೆಂದು ಕಾಲೇಜು ಬೇಡ ಎನ್ನಲಾರೆ. ಮೈಸೂರಿನ ಕಾವಾದಲ್ಲಿ, ಅಂದರೆ ಚಾಮರಾಜೇಂದ್ರ ದೃಶ್ಯಕಲಾ ಅಕಾಡೆಮಿಯಲ್ಲಿ, ಚಿತ್ರಕಲೆಯ ಪದವಿ ಇದೆ. ಮೈಕಟ್ಟು, ನೆರಳು ಬೆಳಕು, ದೂರ ಹತ್ತಿರಗಳ ಲೆಕ್ಕ, ಇವನ್ನು ಗುರುವಿನ ಮುಂದೆ ಕಲಿತರೆ ವರ್ಷಗಳು ಉಳಿಯುತ್ತವೆ. ಸೀಟು ಸಿಕ್ಕರೆ ಧಾರಾಳವಾಗಿ ಸೇರಿಸಿ. ಸಿಗದಿದ್ದರೆ ಇತಿಹಾಸವೋ ರಾಜ್ಯಶಾಸ್ತ್ರವೋ ಓದಲಿ, ಅದೂ ಇದೇ ಕೆಲಸಕ್ಕೆ ಬರುತ್ತದೆ. ಬಜೆಟ್ ಅರ್ಥವಾಗದವರು ಬಜೆಟ್ ಮೇಲೆ ಕಾರ್ಟೂನ್ ಬರೆದರೆ ಮಂತ್ರಿಯ ಮೂಗು ಮಾತ್ರ ದೊಡ್ಡದಾಗುತ್ತದೆ. ನೆಹರೂ ಅವರ ಟೋಪಿ ತೆಗೆದು ಬೋಳುತಲೆಯಲ್ಲೇ ಬರೆದವರು ಲಕ್ಷ್ಮಣ್. ಟೋಪಿ ಎಲ್ಲ ಕಾಂಗ್ರೆಸ್ಸಿಗರ ತಲೆಯಲ್ಲೂ ಇತ್ತು. ಆ ತಲೆ ನೆಹರೂ ಅವರದು ಮಾತ್ರ.

ದುಡ್ಡಿನ ವಿಷಯ ಮುಚ್ಚಿಡುವುದಿಲ್ಲ. ಸಂಬಳದ ಕಾರ್ಟೂನಿಸ್ಟ್ ಹುದ್ದೆ ಈಗ ಅಪರೂಪ. 'ನ್ಯೂಯಾರ್ಕ್ ಟೈಮ್ಸ್' ತನ್ನ ಅಂತರರಾಷ್ಟ್ರೀಯ ಆವೃತ್ತಿಯ ರಾಜಕೀಯ ವ್ಯಂಗ್ಯಚಿತ್ರಗಳನ್ನು 2019ರಲ್ಲಿ ನಿಲ್ಲಿಸಿಯೇಬಿಟ್ಟಿತು. ಪುಸ್ತಕಗಳಿಗೆ ಚಿತ್ರ, ಜಾಹೀರಾತು, ಶಾಲೆಯಲ್ಲಿ ಚಿತ್ರಕಲಾ ಶಿಕ್ಷಕಿಯ ಕೆಲಸ, ಹೀಗೆ ಇನ್ನೊಂದು ಆದಾಯದ ದಾರಿ ಜೊತೆಗಿರಬೇಕು. ಲಕ್ಷ್ಮಣ್ ಕೂಡ 1954ರಲ್ಲಿ ಏಷಿಯನ್ ಪೇಂಟ್ಸ್‌ಗೆ ಬಣ್ಣದ ಡಬ್ಬ ಹಿಡಿದ ಪೋರ ಗಟ್ಟುವನ್ನು ಬರೆದುಕೊಟ್ಟಿದ್ದರು.

ಮುನಿಸಿನ ವಿಷಯವೂ ಇದೆ. ಬರೆದವರ ಮೇಲೆ ಸಿಟ್ಟಾಗುವವರು ಇರುತ್ತಾರೆ, ಹೆಣ್ಣುಮಗಳು ಬರೆದರೆ ಇನ್ನೂ ಹೊಲಸಾಗಿ ಮಾತಾಡುವವರೂ ಸಿಗುತ್ತಾರೆ. ಆ ದಿನ ಅಪ್ಪ ಅಮ್ಮ ಅವಳ ಪಕ್ಕ ನಿಲ್ಲಬೇಕು. ಅದಕ್ಕೆ ನೀವು ತಯಾರಿದ್ದೀರಾ ಎಂದು ನಾನು ತಿರುಗಿ ಕೇಳುತ್ತೇನೆ.

ಸದ್ಯಕ್ಕೆ ಹೀಗೆ ಮಾಡಿ. ಪರೀಕ್ಷೆ ಮುಗಿದ ಮೇಲೆ ಮೂರು ತಿಂಗಳು ದಿನಕ್ಕೆ ಎರಡು ಪತ್ರಿಕೆ ಸಂಪಾದಕೀಯದ ಸಮೇತ ಓದಲಿ, ದಿನಕ್ಕೊಂದು ಚಿತ್ರ ಸಂಜೆ ಏಳರೊಳಗೆ ಮುಗಿಸಲಿ. ಏಳಾದ ಮೇಲೆ ತಿದ್ದುವಂತಿಲ್ಲ. ಚೆನ್ನಾದ ಹತ್ತನ್ನು ಆರಿಸಿ, ಹಿಂದೆ ತಾರೀಖು ಬರೆದು ಸ್ಥಳೀಯ ಪತ್ರಿಕೆಯ ಸಂಪಾದಕರ ಬಳಿ ಅವಳೇ ತೆಗೆದುಕೊಂಡು ಹೋಗಲಿ. ಭಾನುವಾರ ಮೈಸೂರಿಗೆ ಬಂದರೆ ದೇವರಾಜ ಮಾರುಕಟ್ಟೆಯಲ್ಲಿ ಒಂದು ಗಂಟೆ ಕೂರಿಸಿ. ಹೂವಿನವರು ಮೊಳ ಹಾಕುವಾಗ ಮೊಣಕೈ ಹೇಗೆ ಮಡಚುತ್ತಾರೆ, ಚೌಕಾಸಿ ಮಾಡುವವರ ಹುಬ್ಬು ಎಲ್ಲಿಗೆ ಏರುತ್ತದೆ, ಬರೆದುಕೊಳ್ಳಲಿ. ರಬ್ಬರ್ ಮಾತ್ರ ಕೊಡಬೇಡಿ. ಅದು ಸಂಜೆ, ಮನೆಗೆ ಹೋದ ಮೇಲೆ.