ಮೌಲ್ಯಮಾಪನ ಅಂದರೆ ಪೇಪರ್ ತಿದ್ದೋದಷ್ಟೇ ಅಲ್ಲ: ಕೆರಿಯರ್ ಕೌನ್ಸೆಲಿಂಗ್ ಇಲ್ಲಿಗೆ ಬಂದ ದಾರಿ

ಕರ್ನಾಟಕದಲ್ಲಿ ಯಾರನ್ನಾದರೂ ನಿಲ್ಲಿಸಿ 'ಕೌನ್ಸೆಲಿಂಗ್' ಅಂದರೆ ಏನು ಅಂತ ಕೇಳಿ. ಪಿಯುಸಿ ಮಕ್ಕಳಿರುವ ಮನೆಯವರಾದರೆ ಸಿಇಟಿ ಸೀಟು ಹಂಚೋದು ಅನ್ನುತ್ತಾರೆ. ಮೇಷ್ಟ್ರಾದರೆ ವರ್ಗಾವಣೆ ಅನ್ನುತ್ತಾರೆ. 'ಮೌಲ್ಯಮಾಪನ' ಅಂದರೆ ಏನು ಅಂತ ಕೇಳಿದರೆ ಎರಡು ಮಾತೇ ಇಲ್ಲ, ಉತ್ತರ ಪತ್ರಿಕೆ ತಿದ್ದೋದು. ಒಬ್ಬ ಹುಡುಗಿಯ ಎದುರು ಕೂತು, ನಿನಗೆ ಬದುಕಿನಲ್ಲಿ ಯಾವುದು ಮುಖ್ಯ, ಯಾವುದು ಬಿಟ್ಟರೂ ನಡೆಯುತ್ತದೆ ಅಂತ ಕೇಳಿ, ಅದನ್ನೂ ಒಂದು ರೀತಿ ಅಳೆದು, ಆಮೇಲೆ ಕೋರ್ಸಿನ ಮಾತಿಗೆ ಬರೋದು ಅಂತ ಒಂದು ವಿದ್ಯೆ ಇದೆ. ಅದಕ್ಕೆ ಇಡಬಹುದಾಗಿದ್ದ ಎರಡೂ ಹೆಸರನ್ನು ನಾವು ಬೇರೆ ಕೆಲಸಕ್ಕೆ ಕೊಟ್ಟುಬಿಟ್ಟಿದ್ದೇವೆ.

ಮೇ ಬಂತು ಅಂದರೆ ನನ್ನ ಫೋನಿಗೆ ಪಿಡಿಎಫ್‌ಗಳು ಬರೋಕೆ ಶುರುವಾಗುತ್ತವೆ. ಯಾರೋ ಎಲ್ಲೋ ದುಡ್ಡು ಕೊಟ್ಟು ಮಗನಿಗೆ ಟೆಸ್ಟ್ ಮಾಡಿಸಿರುತ್ತಾರೆ. ಹತ್ತಾರು ಪುಟ, ಬಣ್ಣದ ಚಕ್ರಗಳು, ಆಪ್ಟಿಟ್ಯೂಡ್ (ಅಂದರೆ ಯಾವುದರಲ್ಲಿ ಸಾಮರ್ಥ್ಯ ಇದೆ ಅನ್ನೋದು), ಇಂಟರೆಸ್ಟ್, ಪರ್ಸನಾಲಿಟಿ, ವ್ಯಾಲ್ಯೂಸ್ ಎಲ್ಲಾ ಒಂದರ ಮೇಲೊಂದು. ಕೆಳಗೆ ಒಂದೇ ಸಾಲು: ಸರ್, ಇದರಲ್ಲಿ ಏನು ಹೇಳಿದ್ದಾರೆ, ಪಿಸಿಎಂಬಿನಾ ಪಿಸಿಎಂಸಿನಾ? ನಾನು ತಾಲ್ಲೂಕು ಊರೊಂದರಲ್ಲಿ ಪಿಯು ಲೆಕ್ಚರರ್ ಆಗಿದ್ದವನು. ಕೆರಿಯರ್ ಗೈಡೆನ್ಸ್ ಜವಾಬ್ದಾರಿ ಬೇರೆ ಯಾರೂ ತಗೊಳ್ಳಲಿಲ್ಲ ಅಂತ ನನ್ನ ತಲೆಗೆ ಬಂದಿತ್ತು. ಒಬ್ಬೊಬ್ಬರಿಗೂ ಬೇರೆ ಬೇರೆ ವಿವರಿಸೋ ಬದಲು ಒಮ್ಮೆ ಬರೆದುಬಿಡೋಣ ಅನ್ನಿಸಿತು.

ಈ ಕಥೆ ಶುರುವಾಗೋದು ಅಮೆರಿಕದ ಬಾಸ್ಟನ್‌ನಲ್ಲಿ, 1908ರಲ್ಲಿ. ಫ್ರಾಂಕ್ ಪಾರ್ಸನ್ಸ್ ಅಂತ ಒಬ್ಬರು, ಎಂಜಿನಿಯರ್, ಮೇಷ್ಟ್ರು, ವಕೀಲ ಎಲ್ಲಾ ಆಗಿ ನೋಡಿದ್ದವರು, ಅಲ್ಲಿ ಕೆಲಸ ಹುಡುಕುವ ಹುಡುಗರಿಗಾಗಿ ಒಂದು ಸಲಹಾ ಕಚೇರಿ ತೆರೆದರು. ಅದೇ ವರ್ಷ ತೀರಿಕೊಂಡರು ಕೂಡ. ಅವರ ಪುಸ್ತಕ ಬಂದಿದ್ದು ಮರುವರ್ಷ. ಅವರ ಸೂತ್ರ ಸರಳ. ಮೊದಲು ನಿನ್ನನ್ನು ನೀನು ಅರಿ, ಆಮೇಲೆ ಕೆಲಸಗಳ ಬಗ್ಗೆ ತಿಳಿ, ಕೊನೆಗೆ ಎರಡನ್ನೂ ಕೂಡಿಸಿ ಯೋಚಿಸು. ಇವತ್ತಿನ ಎಲ್ಲಾ ರಿಪೋರ್ಟುಗಳೂ ಇದರದ್ದೇ ಮೊಮ್ಮಕ್ಕಳು. ಅವರ ಪ್ರಶ್ನೆಗಳ ಪಟ್ಟಿ ಉದ್ದವಾಗಿತ್ತು, ಆಸೆ, ಅಭ್ಯಾಸ, ಓದು, ಆರೋಗ್ಯ, ಏನೂ ಬಿಟ್ಟಿರಲಿಲ್ಲ. ಜೊತೆಗೆ ಇನ್ನೊಂದನ್ನೂ ಅವರೇ ಬರೆದಿಟ್ಟಿದ್ದಾರೆ: ಹುಡುಗ ಉತ್ತರ ಹೇಳುವಾಗ ಅವನ ತಲೆಯ ಆಕಾರ, ಕಿವಿಯ ಹಿಂದೆ ಮುಂದೆ ಅದು ಎಷ್ಟು ಬೆಳೆದಿದೆ ಅಂತ ಗಮನಿಸುತ್ತಿದ್ದರಂತೆ. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಮುಂದಿನ ನಾಲ್ಕು ದಶಕ ಅಳತೆಯ ಕಾಲ. 1917-18ರಲ್ಲಿ ಅಮೆರಿಕದ ಸೈನ್ಯ ಲಕ್ಷಾಂತರ ಜನಕ್ಕೆ ಬುದ್ಧಿ ಪರೀಕ್ಷೆ ಮಾಡಿತು. 1927ರಲ್ಲಿ ಮನಶ್ಶಾಸ್ತ್ರಜ್ಞ ಸ್ಟ್ರಾಂಗ್ ಅವರ ಆಸಕ್ತಿ ಪಟ್ಟಿ ಬಂತು, 1947ರಲ್ಲಿ ಯಾಂತ್ರಿಕ ತಿಳಿವು, ಲೆಕ್ಕ, ಭಾಷೆ ಅಂತ ಬಿಡಿಬಿಡಿಯಾಗಿ ಅಳೆಯುವ ಆಪ್ಟಿಟ್ಯೂಡ್ ಪರೀಕ್ಷೆ ಬಂತು. ಸ್ಟ್ರಾಂಗ್ ಪಟ್ಟಿಯಲ್ಲಿ ಗಂಡಸರಿಗೆ ಬೇರೆ, ಹೆಂಗಸರಿಗೆ ಬೇರೆ ಫಾರಂ ಇತ್ತು. ಎರಡನ್ನೂ ಒಂದು ಮಾಡಿದ್ದು 1974ರಲ್ಲಿ. ನಮ್ಮಲ್ಲಿ ಅಂಥ ಬೇರೆ ಫಾರಂ ಅಚ್ಚು ಹಾಕಿಸುವ ಅಗತ್ಯವೇ ಬೀಳಲಿಲ್ಲ. 'ಹುಡುಗಿ ಅಲ್ವಾ, ಟಿಸಿಎಚ್ (ಆಗಿನ ಶಿಕ್ಷಕರ ತರಬೇತಿ) ಮಾಡಿಸಿಬಿಡಿ' ಅನ್ನೋದು ಎಲ್ಲರಿಗೂ ಬಾಯಿಪಾಠ ಆಗಿತ್ತು.

ಮೌಲ್ಯಗಳನ್ನು, ಅಂದರೆ ಒಬ್ಬರಿಗೆ ಬದುಕಿನಲ್ಲಿ ಯಾವುದು ಮುಖ್ಯ ಅನ್ನೋದನ್ನು, ಅಳೆಯುವ ಸಾಹಸ ಶುರುವಾಗಿದ್ದು 1931ರಲ್ಲಿ. ಜರ್ಮನಿಯ ಚಿಂತಕ ಸ್ಪ್ರಾಂಗರ್ ಮನುಷ್ಯರನ್ನು ಆರು ಬಗೆ ಮಾಡಿದ್ದರು: ಸತ್ಯ ಹುಡುಕುವವರು, ಲಾಭ ನೋಡುವವರು, ಚೆಂದ ನೋಡುವವರು, ಜನರಿಗಾಗಿ ಬದುಕುವವರು, ಅಧಿಕಾರ ಬಯಸುವವರು, ದೈವದ ಕಡೆ ಒಲಿದವರು. ಆಲ್‌ಪೋರ್ಟ್ ಮತ್ತು ವೆರ್ನನ್ ಅನ್ನುವ ಮನಶ್ಶಾಸ್ತ್ರಜ್ಞರು ಇದನ್ನೇ ಇಟ್ಟುಕೊಂಡು ಪ್ರಶ್ನಾವಳಿ ಮಾಡಿದರು. ಅದರ ಮಜಾ ಇರುವುದು ಲೆಕ್ಕದಲ್ಲಿ. 1951ರ ಆವೃತ್ತಿಯಲ್ಲಿ ಯಾರೇ ಬರೆದರೂ ಆರರ ಮೊತ್ತ 240. ಒಂದಕ್ಕೆ ಜಾಸ್ತಿ ಕೊಟ್ಟರೆ ಇನ್ನೊಂದಕ್ಕೆ ಕಮ್ಮಿ ಆಗಲೇಬೇಕು. ತಿಂಗಳ ಸಂಬಳವನ್ನು ಆರು ಡಬ್ಬಿಗೆ ಹಂಚಿದ ಹಾಗೆ.

1970ರಲ್ಲಿ ಅಮೆರಿಕದ ಮನಶ್ಶಾಸ್ತ್ರಜ್ಞ ಡೊನಾಲ್ಡ್ ಸೂಪರ್ ಅವರ ಮೌಲ್ಯಗಳ ಪಟ್ಟಿ ಬಂತು. ಇದು ನೇರವಾಗಿ ಕೆಲಸದ ಬಗ್ಗೆ. ಸಂಬಳ, ಭದ್ರತೆ, ಹೆಸರು, ಸ್ವಾತಂತ್ರ್ಯ, ಜೊತೆಗಾರರು, ಮೇಲಿನ ಅಧಿಕಾರಿ, ಕೆಲಸದ ಜಾಗ, ಹೀಗೆ ಒಟ್ಟು 15. ಆದರೆ ಇಲ್ಲಿ ಹಂಚುವ ಲೆಕ್ಕ ಇಲ್ಲ. ಒಂದೊಂದಕ್ಕೂ 5ರಲ್ಲಿ ಎಷ್ಟು ಅಂತ ಅಂಕ ಕೊಡಬೇಕು. ಇದನ್ನು ನಮ್ಮ ಮಕ್ಕಳ ಕೈಗೆ ಕೊಟ್ಟು ನೋಡಿ. ಸಂಬಳ ಚೆನ್ನಾಗಿರಬೇಕಾ, 5. ಕೆಲಸ ಗಟ್ಟಿ ಇರಬೇಕಾ, 5. ಸಮಾಜಕ್ಕೆ ಉಪಯೋಗ ಆಗಬೇಕಾ, 5 ಸರ್, ಅದನ್ನೂ ಕೇಳಬೇಕಾ. ಹಾಳೆ ತುಂಬಾ 5. ಅದರಲ್ಲೂ ಶಾಲೆಯಲ್ಲಿ 'ಮೌಲ್ಯ ಶಿಕ್ಷಣ' ಅಂತ ಪಾಠ ಕೇಳಿ ಬಂದ ಮಕ್ಕಳಿಗೆ ಮೌಲ್ಯ ಅಂದರೆ ಒಳ್ಳೆ ಗುಣ. ಅದಕ್ಕೆ ಕಮ್ಮಿ ಅಂಕ ಕೊಟ್ಟರೆ ತಾನು ಕೆಟ್ಟವನಾದೆ ಅಂತ ಹೆದರಿಕೆ. ಇಷ್ಟು ವರ್ಷ ಆದಮೇಲೂ ಆನ್‌ಲೈನ್ ಟೆಸ್ಟುಗಳಲ್ಲಿ ಹೆಚ್ಚಾಗಿ ಕಾಣೋದು ಈ ಅಂಕ ಕೊಡುವ ಬಗೆಯೇ. ಕಂಪ್ಯೂಟರಿಗೆ ಅದು ಸುಲಭ ಅಲ್ವಾ.

ಈ ಎಲ್ಲದರ ನಡುವೆ 1964ರಲ್ಲಿ ಅಮೆರಿಕದ ಮಿನ್ನೆಸೋಟ ವಿಶ್ವವಿದ್ಯಾಲಯದವರು ಮಂಡಿಸಿದ ಒಂದು ವಿಚಾರಕ್ಕೆ ಸಿಗಬೇಕಾದ ಗಮನ ಸಿಗಲಿಲ್ಲ ಅಂತ ನನಗೆ ಯಾವತ್ತೂ ಅನ್ನಿಸುತ್ತದೆ. ಅವರು ಹೇಳಿದ್ದು ಹೆಣ್ಣು ನೋಡುವ ಶಾಸ್ತ್ರದ ಹಾಗಿದೆ. ಒಪ್ಪಿಗೆ ಎರಡೂ ಕಡೆಯಿಂದ ಬೇಕು. ನಿನ್ನ ಸಾಮರ್ಥ್ಯ ಕೆಲಸಕ್ಕೆ ಸಾಕಾದರೆ ಕೆಲಸ ಕೊಟ್ಟವನು ನಿನ್ನನ್ನು ಒಪ್ಪುತ್ತಾನೆ. ನಿನಗೆ ಮುಖ್ಯವಾದದ್ದು ಆ ಕೆಲಸದಲ್ಲಿ ಸಿಕ್ಕರೆ ನೀನು ಅದನ್ನು ಒಪ್ಪುತ್ತೀಯ. ಎರಡೂ ಕೂಡಿದರೆ ಅಲ್ಲಿ ನಿಲ್ಲುತ್ತೀಯ, ಇಲ್ಲವಾದರೆ ಇಬ್ಬರಲ್ಲಿ ಒಬ್ಬರು ಬೇಡ ಅನ್ನುತ್ತಾರೆ. ರ‍್ಯಾಂಕು, ಅಂಕ, ಆಪ್ಟಿಟ್ಯೂಡ್ ಇವೆಲ್ಲಾ ಗಂಡಿನ ಕಡೆಯವರ ವಿಚಾರಣೆ ಮಾತ್ರ. ಹುಡುಗಿಯನ್ನು ಕೇಳುವ ಭಾಗ ಮೌಲ್ಯದ್ದು.

ನಮ್ಮ ಕಡೆಗೆ ಬರೋಣ. ಮನಶ್ಶಾಸ್ತ್ರ ನಮಗೆ ಹೊಸದೇನಲ್ಲ. ಮೈಸೂರು ವಿಶ್ವವಿದ್ಯಾಲಯದಲ್ಲಿ 1924ರಲ್ಲೇ ಎಂ. ವಿ. ಗೋಪಾಲಸ್ವಾಮಿಯವರು ವಿಭಾಗ ಕಟ್ಟಿದರು. (1935ರಲ್ಲಿ ತಮ್ಮ ಮನೆಯಲ್ಲೇ 'ಆಕಾಶವಾಣಿ' ಶುರು ಮಾಡಿದವರೂ ಅವರೇ.) ಫ್ರಾನ್ಸಿನ ಬಿನೆ ಬುದ್ಧಿ ಪರೀಕ್ಷೆಯನ್ನು ವಿ. ವಿ. ಕಾಮತ್ ಅವರು ಕನ್ನಡ, ಮರಾಠಿ ಮಕ್ಕಳಿಗೆ ಒಗ್ಗಿಸಿದರು. ಅವರ ಪುಸ್ತಕ 1940ರಲ್ಲಿ ಬಂತು, ಆ ಪರೀಕ್ಷೆಯ ಹೆಸರಲ್ಲೇ ಬಾಂಬೆ-ಕರ್ನಾಟಕ ಅಂತ ಇದೆ. 1952-53ರ ಮುದಲಿಯಾರ್ ಶಿಕ್ಷಣ ಆಯೋಗ ಹೈಸ್ಕೂಲುಗಳಲ್ಲಿ ಮಾರ್ಗದರ್ಶನ ಬೇಕು ಅಂದಿತು, 1954ರಲ್ಲಿ ದೆಹಲಿಯಲ್ಲಿ ಮಾರ್ಗದರ್ಶನಕ್ಕೆ ಅಂತಲೇ ಕೇಂದ್ರ ಬ್ಯೂರೋ ಆಯಿತು, 1964-66ರ ಕೊಠಾರಿ ಆಯೋಗ ಮತ್ತೆ ಅದನ್ನೇ ಹೇಳಿತು. ಇನ್ನೊಂದು ಕಡೆ, ಯುದ್ಧ ಮುಗಿಸಿ ಬಂದ ಸೈನಿಕರಿಗೆ ಕೆಲಸ ಕೊಡಿಸಲು 1945ರಲ್ಲಿ ಶುರುವಾದ ಉದ್ಯೋಗ ವಿನಿಮಯ ಕೇಂದ್ರಗಳಿಗೆ ಮುಂದೆ ಸಲಹೆ ಕೊಡುವ ಕೆಲಸವೂ ಸೇರಿತು. ನಮ್ಮ ತಲೆಮಾರಿನವರಿಗೆ ಅಲ್ಲಿಂದ ನೆನಪಿರೋದು ಸಲಹೆ ಅಲ್ಲ. ಎಂಪ್ಲಾಯ್‌ಮೆಂಟ್ ಕಾರ್ಡು, ಮತ್ತೆ ಅದನ್ನು ರಿನ್ಯೂವಲ್ ಮಾಡಿಸೋಕೆ ನಿಂತ ಕ್ಯೂ.

ಆಮೇಲೆ ಸಿಇಟಿ ಬಂತು. 1994ರಲ್ಲಿ ಸಿಇಟಿ ಸೆಲ್ ಆದಮೇಲೆ ಒಂದು ದೊಡ್ಡ ಒಳ್ಳೆಯದಾಯಿತು, ಅದನ್ನು ಮರೆಯಬಾರದು. ದುಡ್ಡಿಲ್ಲದ ರೈತನ ಮಗನಿಗೂ ರ‍್ಯಾಂಕ್ ಇದ್ದರೆ ಸೀಟು ಸಿಗುವಂತಾಯಿತು. ಕೈಯಲ್ಲಿ ಡಿಡಿ, ಬ್ಯಾಗಲ್ಲಿ ಚಪಾತಿ ಪಲ್ಯ ಇಟ್ಟುಕೊಂಡು ರಾತ್ರಿ ಬಸ್ಸಿಗೆ ಬೆಂಗಳೂರಿಗೆ ಹೋಗಿ, ತಮ್ಮ ರ‍್ಯಾಂಕು ಕೂಗುವವರೆಗೆ ಕಾದು ಕೂತ ಅಪ್ಪಂದಿರ ಜೊತೆ ನಾನೂ ಕೂತಿದ್ದೇನೆ. ಒಳಗೆ ಹೋದರೆ ಪರದೆ ಮೇಲೆ ಉಳಿದ ಸೀಟುಗಳು. ನಿಮಿಷಗಳಲ್ಲಿ ಹೇಳಬೇಕು. ಇಲೆಕ್ಟ್ರಾನಿಕ್ಸ್ ಖಾಲಿ ಆಗಿದೆ, ಸಿವಿಲ್ ಇದೆ, ಬೇಕಾ? ಮೂರು ಗಂಟೆ ಕಾದವನು ಮೂರು ನಿಮಿಷದಲ್ಲಿ ನಾಲ್ಕು ವರ್ಷ ಆರಿಸುತ್ತಿದ್ದ. ಅದಕ್ಕೇ ಕೌನ್ಸೆಲಿಂಗ್ ಅಂತ ಹೆಸರು. ಯಾರೂ ಬೇಕಂತ ಮಾಡಿದ್ದಲ್ಲ. ಲಕ್ಷ ಮಕ್ಕಳು, ಎಣಿಸಿದಷ್ಟು ಸೀಟು, ಹಂಚುವುದೇ ದೊಡ್ಡ ಕೆಲಸ ಆಗಿರುವಾಗ ಪಕ್ಕ ಕೂತು ಮಾತಾಡೋರು ಯಾರು?

ಆದರೆ ಒಂದು ತಮಾಷೆ ನೋಡಿ. ಈಗಿನ ಆನ್‌ಲೈನ್ ವ್ಯವಸ್ಥೆಯಲ್ಲಿ ಸೀಟು ಸಿಕ್ಕ ಮೇಲೆ ನಾಲ್ಕು ಚಾಯ್ಸ್ ಇರುತ್ತದೆ. 1 ಅಂದರೆ ಒಪ್ಪಿಗೆ, ಸೇರುತ್ತೇನೆ. 2 ಅಂದರೆ ಇದು ಇರಲಿ, ಮುಂದಿನ ಸುತ್ತಿನಲ್ಲಿ ಇದಕ್ಕಿಂತ ಒಳ್ಳೆಯದು ಸಿಕ್ಕರೆ ಬೇಕು. 3 ಅಂದರೆ ಇದು ಬೇಡ, ಕಾಯುತ್ತೇನೆ. 4 ಅಂದರೆ ನನಗೇನೂ ಬೇಡ, ಹೊರಟೆ. ಕೈಯಲ್ಲಿರೋದನ್ನು ಬಿಟ್ಟು ಕಾಯೋಕೆ ಎಷ್ಟು ಧೈರ್ಯ ಇದೆ ಅಂತ ಮಗುವನ್ನು ಕೇಳುವ ಜಾಗ ಇದೊಂದೇ. ನಾನು ನೋಡಿದ ಮನೆಗಳಲ್ಲಿ ಆ ಗುಂಡಿ ಒತ್ತುತ್ತಿದ್ದದ್ದು ಹೆಚ್ಚಾಗಿ ಸೋದರಮಾವ.

ನಮ್ಮ ಕಾಲೇಜಿನಲ್ಲಿ ನಾವು ಮಾಡಿಕೊಂಡಿದ್ದು ಹೀಗೆ. ಅಂಕ ಕೊಡಿಸಿ ಸೋತಮೇಲೆ ಕಾರ್ಡಿಗೆ ಬಂದೆವು. ಹಳೇ ಲಗ್ನಪತ್ರಿಕೆಗಳನ್ನು ಕತ್ತರಿಸಿ, ಹಿಂಬದಿಯಲ್ಲಿ ಸೂಪರ್ ಪಟ್ಟಿಯ ಆ 15ನ್ನು ಸ್ಕೆಚ್ ಪೆನ್ನಿನಲ್ಲಿ ಬರೆದೆವು. ಮೊದಲ ಸಲ ಪುಸ್ತಕದ ಕನ್ನಡದಲ್ಲಿ ಬರೆದು ಪೆಟ್ಟು ತಿಂದೆವು. 'ಸ್ವಾತಂತ್ರ್ಯ' ಅಂದರೆ ಮಕ್ಕಳಿಗೆ ಆಗಸ್ಟ್ 15. 'ಭದ್ರತೆ' ನೋಡಿ ಒಬ್ಬ ಹುಡುಗ ಕೇಳಿದ, ಪೊಲೀಸ್ ಕೆಲಸನಾ ಸರ್? ಎರಡನೇ ಸಲ ಬದಲಾಯಿಸಿದೆವು. 'ನನ್ನ ಕೆಲಸ ಹೇಗೆ ಮಾಡಬೇಕು ಅಂತ ನಾನೇ ತೀರ್ಮಾನ ಮಾಡಬೇಕು.' 'ನಾಳೆ ಕೆಲಸ ಹೋಗುತ್ತೆ ಅನ್ನೋ ಹೆದರಿಕೆ ಇರಬಾರದು.' 'ದಿನಾ ಒಂದೇ ಕೆಲಸ ಇರಬಾರದು.' 'ಮೇಲಿನ ಸಾಹೇಬರು ಸರಿಯಾಗಿರಬೇಕು.' ಸ್ಟಾಫ್ ರೂಮಿನ ಟೇಬಲ್ ಮೇಲೆ ಹರಡಿ, ಐದು ಇಟ್ಟುಕೋ, ಐದು ಪಕ್ಕಕ್ಕಿಡು, ಐದು ಎಸಿ ಅನ್ನುತ್ತಿದ್ದೆವು. ಎಸೆಯುವಾಗ ಕೈ ತಡೆಯುತ್ತಿತ್ತಲ್ಲ, ನಾವು ನೋಡುತ್ತಿದ್ದದ್ದು ಅದನ್ನೇ.

ಒಂದು ವರ್ಷ ಸೈನ್ಸ್ ಹುಡುಗಿಯೊಬ್ಬಳು ಬಂದಳು. ಒಳ್ಳೆ ಅಂಕ. ಹದಿನೈದನ್ನೂ ಎರಡು ಸಲ ಓದಿದಳು. ಒಂದನ್ನೂ ಎತ್ತಿಕೊಳ್ಳಲಿಲ್ಲ. ಆಮೇಲೆ ಕೇಳಿದಳು: "ಸರ್, ಅಪ್ಪನ ಸಾಲ ತೀರಿಸೋದಕ್ಕೆ ಯಾವ ಕಾರ್ಡು?"

ನಾನು 'ಒಳ್ಳೆ ಸಂಬಳ' ಕಾರ್ಡು ತೋರಿಸಿದೆ. ಅದಲ್ಲ ಸರ್, ಅದು ನನಗೆ ಅಂತ ಇದೆ ಅಂದಳು. 'ಬೇರೆಯವರಿಗೆ ಸಹಾಯ' ತೋರಿಸಿದೆ. ಅಪ್ಪ ಬೇರೆಯವರಾ ಅಂದಳು. ಒಂದು ಖಾಲಿ ತುಂಡು ಹುಡುಕಿ, 'ಮನೆಯ ಭಾರ ಇಳಿಸೋದು' ಅಂತ ಬರೆದು ಅವಳ ಮುಂದಿಟ್ಟೆ. ಅದನ್ನು ತಗೊಂಡು ಎಲ್ಲದಕ್ಕಿಂತ ಮೇಲೆ ಇಟ್ಟಳು. ಆಮೇಲೆ ಉಳಿದವನ್ನು ಪಟಪಟ ಜೋಡಿಸಿದಳು. ಅಲ್ಲಿಂದ ಮಾತು ಸಲೀಸಾಯಿತು, ಸಾಲ ಎಷ್ಟು, ಎಷ್ಟು ವರ್ಷದಲ್ಲಿ ತೀರಬೇಕು, ಐದೂವರೆ ವರ್ಷದ ಎಂಬಿಬಿಎಸ್ ಅದಕ್ಕೆ ಕಾಯುತ್ತದಾ, ತಮ್ಮ ಓದು ಮುಗಿಸೋದು ಯಾವಾಗ ಅಂತ. ಆ ವರ್ಷದಿಂದ ನಮ್ಮ ಕಟ್ಟಿನಲ್ಲಿ 16 ಕಾರ್ಡು.

ಸೂಪರ್ ಅವರ ಪಟ್ಟಿ ತಪ್ಪು ಅಂತಲ್ಲ. ಅದು ಹುಟ್ಟಿದ ಊರಿನಲ್ಲಿ ಆರಿಸುವವರು ಒಬ್ಬರೇ ಅಂತ ಲೆಕ್ಕ. ನಮ್ಮಲ್ಲಿ ಆರಿಸುವ ಮೇಜಿನ ಸುತ್ತ ಐದಾರು ಕುರ್ಚಿ ಇರುತ್ತವೆ. ಇನ್ನೊಂದು ತೊಡಕು ವಯಸ್ಸಿನದ್ದು. 15ರಿಂದ 24ರವರೆಗೆ ಹುಡುಕಾಟದ ಕಾಲ ಅಂತ ಸೂಪರ್ ಅವರೇ ಹೇಳಿದ್ದರು. ನಮ್ಮ ಮಕ್ಕಳು ಎಸ್‌ಎಸ್‌ಎಲ್‌ಸಿ ಮುಗಿಸಿ ಸೈನ್ಸಾ, ಕಾಮರ್ಸಾ, ಆರ್ಟ್ಸಾ ಅಂತ ಬಾಗಿಲು ಹಾಕಿಕೊಳ್ಳುವುದು ಆ ಹುಡುಕಾಟ ಶುರುವಾಗುವ ಹೊತ್ತಿಗೆ. ಹಾಗಾಗಿ ಹದಿನಾರರ ರಿಪೋರ್ಟನ್ನು ಇಪ್ಪತ್ತೆರಡಕ್ಕೆ ಶಾಸನ ಅಂತ ಹಿಡಿಯಬೇಡಿ.

ಇತ್ತೀಚಿನ ಕಥೆ ನಿಮಗೇ ಗೊತ್ತು. 2015ರಲ್ಲಿ ಕೆಲಸ ಹುಡುಕುವವರಿಗಾಗಿ ಕೇಂದ್ರ ಸರ್ಕಾರದ ಎನ್‌ಸಿಎಸ್ ಪೋರ್ಟಲ್ ಬಂತು, 2020ರ ಶಿಕ್ಷಣ ನೀತಿಯಲ್ಲೂ ಕೌನ್ಸೆಲರ್‌ಗಳ ಮಾತಿದೆ. ಅವು ತಮ್ಮ ವೇಗದಲ್ಲಿ ಬರಲಿ. ಅಷ್ಟರಲ್ಲಿ ಬೆರಳಚ್ಚು ತೆಗೆದು ಮಗುವಿನ ಪ್ರತಿಭೆ ಹೇಳುವ ಡಿಎಂಐಟಿ ಪೇಟೆಗೆ ಬಂದಾಗಿದೆ. ಅದಕ್ಕೆ ವೈಜ್ಞಾನಿಕ ಆಧಾರ ಇಲ್ಲ ಅಂತ ಮನೋವೈದ್ಯರ ಸಂಘಟನೆಯೇ ಹೇಳಿದೆ. ಪಾರ್ಸನ್ಸ್ ತಲೆ ನೋಡುತ್ತಿದ್ದರು, ಇವರು ಬೆರಳು ನೋಡುತ್ತಾರೆ. ವ್ಯತ್ಯಾಸ ಇಷ್ಟೇ, ಪಾರ್ಸನ್ಸ್ ಜೊತೆಗೆ ಹುಡುಗನ ಹತ್ತಿರ ಮಾತೂ ಆಡುತ್ತಿದ್ದರು.

ಟೆಸ್ಟ್ ಮಾಡಿಸಲೇಬೇಡಿ ಅಂತ ನಾನು ಹೇಳಲ್ಲ. ದುಡ್ಡು ಕಟ್ಟುವ ಮೊದಲು ನಾಲ್ಕು ಮಾತು ಕೇಳಿ. ಪ್ರಶ್ನೆ ಮಗುವಿಗೆ ಅರ್ಥವಾಗುವ ಭಾಷೆಯಲ್ಲಿದೆಯಾ? ಮೌಲ್ಯದ ಭಾಗದಲ್ಲಿ ಬರೀ ಅಂಕ ಕೊಡಿಸುತ್ತಾರಾ, ಒಂದು ಬಿಟ್ಟು ಒಂದು ಆರಿಸು ಅನ್ನುತ್ತಾರಾ? ರಿಪೋರ್ಟ್ ಬಂದಮೇಲೆ ಯಾರಾದರೂ ಒಂದು ಗಂಟೆ ಕೂತು ಮಾತಾಡುತ್ತಾರಾ, ಅಥವಾ ಸುಮ್ನೆ ಮೇಲ್ ಮಾಡಿ ಕೈ ತೊಳೆದುಕೊಳ್ಳುತ್ತಾರಾ? ಆ ಒಂದು ಗಂಟೆಯಲ್ಲಿ ಸ್ವಲ್ಪ ಹೊತ್ತಾದರೂ ನಿಮ್ಮನ್ನು ಹೊರಗೆ ಕಳಿಸುತ್ತಾರಾ? ಕೊನೆಯದಕ್ಕೆ ಹೌದು ಅಂದರೆ ಬೇಜಾರು ಮಾಡಿಕೊಳ್ಳದೆ ಹೊರಗೆ ಹೋಗಿ ಒಂದು ಕಾಫಿ ಕುಡಿದು ಬನ್ನಿ.

ಅಷ್ಟು ದುಡ್ಡು ಇಲ್ಲ ಅಂದರೆ ಮನೆಯಲ್ಲೇ ಕಾರ್ಡು ಮಾಡಿ. ಮಗಳು ಬೇರೆ, ನೀವು ಬೇರೆ ಕೂತು ಜೋಡಿಸಿ, ಆಮೇಲೆ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ. ಒಂದಿಷ್ಟು ಖಾಲಿ ಕಾರ್ಡೂ ಇರಲಿ. ರಟ್ಟು ತರೋಕೆ ಅಂಗಡಿಗೆ ಹೋಗಬೇಕಿಲ್ಲ, ಲಗ್ನಪತ್ರಿಕೆಯ ಹಿಂಬದಿ ಹೇಗೂ ಖಾಲಿ ಇರುತ್ತದೆ.