ಸಾಹೇಬರಿಗೆ ಬೀಳುತ್ತಿದ್ದ ಒದೆ ಎಲ್ಲಿಗೆ ಹೋಯಿತು?

ಮೂಕಿ ಸಿನಿಮಾದ ಹಾಸ್ಯನಟ ಚಾರ್ಲಿ ಚಾಪ್ಲಿನ್ ಅಂದರೆ ಬಡವರ ಪರ ನಿಂತ ಕಲಾವಿದ ಅನ್ನುತ್ತಾರೆ ಕೆಲವರು. ಸುಮ್ನೆ ಒದೆಯೋದು, ಬೀಳೋದು, ಅದರಲ್ಲೇನಿದೆ ಅನ್ನುತ್ತಾರೆ ಇನ್ನು ಕೆಲವರು. ಆ ಒದೆ ಯಾರಿಗೆ ಬೀಳುತ್ತಿತ್ತು, ಯಾರು ನಗುತ್ತಿದ್ದರು ಅಂತ ನೋಡಿದರೆ ಸಿಕ್ಕು ಸ್ವಲ್ಪ ಬಿಡುತ್ತದೆ.

1895ರಲ್ಲಿ ಫ್ರಾನ್ಸಿನ ಲೂಮಿಯೇರ್ ಸಹೋದರರು ಒಂದು ಪುಟ್ಟ ಸಿನಿಮಾದಲ್ಲಿ ತೋಟಗಾರನ ಮುಖಕ್ಕೆ ಪೈಪಿನ ನೀರು ಹಾರಿಸಿ ನಗಿಸಿದರು. 1905ರಲ್ಲಿ ಪಿಟ್ಸ್‌ಬರ್ಗ್‌ನಲ್ಲಿ ನಿಕಲೋಡಿಯನ್ ಅನ್ನುವ, ಐದು ಸೆಂಟಿಗೆ ಸಿನಿಮಾ ತೋರಿಸುವ ಪುಟ್ಟ ಚಿತ್ರಮಂದಿರ ಶುರುವಾಯಿತು. ಕೆಲವೇ ವರ್ಷಗಳಲ್ಲಿ ಅಮೆರಿಕದ ಊರೂರಿಗೂ ಹಬ್ಬಿತು. ದೊಡ್ಡ ನಗರಗಳಲ್ಲಿ ಅಲ್ಲಿ ಬಂದು ಕೂರುತ್ತಿದ್ದವರಲ್ಲಿ ಕೂಲಿಗಳು, ಹಡಗಿನಿಂದ ಇಳಿದ ವಲಸಿಗರು ಜಾಸ್ತಿ. ಇಂಗ್ಲಿಷ್ ಬರದಿದ್ದರೇನು, ಪೊಲೀಸಪ್ಪ ಜಾರಿ ಬಿದ್ದರೆ ಯಾರಿಗಾದರೂ ಅರ್ಥವಾಗುತ್ತದೆ ಅಲ್ವಾ?

ಆ ನಗುವನ್ನೇ ಬಂಡವಾಳ ಮಾಡಿಕೊಂಡಿದ್ದು 1912ರಲ್ಲಿ ಹುಟ್ಟಿದ ಕೀಸ್ಟೋನ್ ಅನ್ನುವ ಸಿನಿಮಾ ಕಂಪನಿ. ಅದನ್ನು ನಡೆಸಿದ ಮ್ಯಾಕ್ ಸೆನೆಟ್ ಹಿಂದೆ ಕಬ್ಬಿಣದ ಕಾರ್ಖಾನೆಯಲ್ಲಿ ದುಡಿದವರು. ಅವರ ಚಿತ್ರಗಳಲ್ಲಿ ಪೊಲೀಸರು, ಎತ್ತರದ ಟೋಪಿಯ ಸಾಹೇಬರು, ಎಲ್ಲರೂ ಕೆಸರಿಗೆ ಬೀಳಲೇಬೇಕು.

1914ರಲ್ಲಿ ವಾರಕ್ಕೆ 150 ಡಾಲರ್ ಸಂಬಳಕ್ಕೆ ಅಲ್ಲಿಗೆ ಬಂದರು ಚಾಪ್ಲಿನ್. ಏಳನೇ ವಯಸ್ಸಿಗೇ ಲಂಡನ್ನಿನಲ್ಲಿ ಗತಿಯಿಲ್ಲದ ಬಡವರನ್ನು ಇಟ್ಟು ದುಡಿಸುತ್ತಿದ್ದ ದುಡಿಮೆಮನೆ (ವರ್ಕ್‌ಹೌಸ್) ಕಂಡವರು. ಅವರ ವೇಷವನ್ನೇ ನೋಡಿ. ಮೇಲೆ ಬಿಗಿ ಕೋಟು, ಟೋಪಿ, ಕೈಯಲ್ಲಿ ಬೆತ್ತ: ದೊಡ್ಡ ಮನುಷ್ಯ. ಕೆಳಗೆ ಜೋಲು ಪ್ಯಾಂಟು, ಅಳತೆ ಮೀರಿದ ಬೂಟು: ಬೀದಿಯವನು. ಎರಡು ವರ್ಗದ ಜಗಳ ಒಂದೇ ಮೈಮೇಲೆ! ಆ ವರ್ಷ ಕೀಸ್ಟೋನ್‌ನಲ್ಲಿ ಸುಮಾರು 35 ಚಿತ್ರ ಮಾಡಿದರು. ಒಂದರಲ್ಲಿ ಅಗ್ಗದ ಹೋಟೆಲಿನ ಮಾಣಿ. ದೊಡ್ಡ ಪದವಿಯವನು ಅಂತ ಸುಳ್ಳು ಹೇಳಿ ಶ್ರೀಮಂತರ ಪಾರ್ಟಿಗೆ ನುಗ್ಗುತ್ತಾನೆ. ಮುಂದೆ ಅದೇ ಶ್ರೀಮಂತರು ಮೋಜಿಗೆಂದು ಅವನ ಹೋಟೆಲಿಗೇ ಬರುತ್ತಾರೆ. ಬಡವರ ಜಾಗ ಉಳ್ಳವರಿಗೆ ನೋಡುವ ತಮಾಷೆ. ಇಷ್ಟು ಖಾರ ನನಗೆ ಆಮೇಲಿನ ಎಷ್ಟೋ ನಯವಾದ ಚಿತ್ರಗಳಲ್ಲಿ ಸಿಕ್ಕಿಲ್ಲ.

ಅಷ್ಟರಲ್ಲಿ ಪ್ರೇಕ್ಷಕರೂ ಬದಲಾಗುತ್ತಿದ್ದರು. ಅದೇ 1914ರಲ್ಲಿ ನ್ಯೂಯಾರ್ಕ್‌ನಲ್ಲಿ ಸ್ಟ್ರ್ಯಾಂಡ್ ಥಿಯೇಟರ್ ತೆರೆಯಿತು. ಅರಮನೆಯಂಥ ಕಟ್ಟಡ, ವಾದ್ಯಮೇಳ. ಮಧ್ಯಮ ವರ್ಗದವರು ಕುಟುಂಬ ಸಮೇತ ಬರತೊಡಗಿದರು. 1916ರಲ್ಲಿ ಚಾಪ್ಲಿನ್‌ಗೆ ಸಿಕ್ಕ ಒಪ್ಪಂದ ವರ್ಷಕ್ಕೆ 6,70,000 ಡಾಲರ್. ಅಲೆಮಾರಿಯ ವೇಷ ಅದೇ, ಜೇಬು ಬೇರೆ.

1923ರ ಹೊತ್ತಿಗೆ ಜನ ಇನ್ನೊಬ್ಬ ಹಾಸ್ಯನಟ ಹ್ಯಾರಲ್ಡ್ ಲಾಯ್ಡ್‌ಗೆ ಮುಗಿಬೀಳುತ್ತಿದ್ದರು. ಆ ವರ್ಷದ ಅವರ ಚಿತ್ರದಲ್ಲಿ ಕನ್ನಡಕ ಹಾಕಿದ, ಶಿಸ್ತಿನ ಹುಡುಗ, ಬಟ್ಟೆ ಅಂಗಡಿಯ ಗುಮಾಸ್ತ. ಗಿರಾಕಿಗಳನ್ನು ಸೆಳೆದರೆ ಮ್ಯಾನೇಜರ್ ಸಾವಿರ ಡಾಲರ್ ಕೊಡುತ್ತಾನೆ. ಹುಡುಗ ಮ್ಯಾನೇಜರಿಗೆ ಒದೆಯುವುದಿಲ್ಲ, ಅಂಗಡಿಯ ಗೋಡೆ ಹತ್ತುತ್ತಾನೆ. ಜನ ರಸ್ತೆಯಲ್ಲಿ ಕತ್ತೆತ್ತಿ ನಿಂತಿರುತ್ತಾರೆ.