‘ಸಂಸ್ಕಾರ’ಕ್ಕೆ ದುಡ್ಡು ಹಾಕಿದವರು: ಪಟ್ಟಾಭಿರಾಮ ರೆಡ್ಡಿ ನಡೆದ ಹಾದಿ

‘ಸಂಸ್ಕಾರ’ ಚಿತ್ರದ ಪ್ರಸ್ತಾಪ ಬಂದರೆ ಅನಂತಮೂರ್ತಿಯವರ ಕಾದಂಬರಿ, ಗಿರೀಶ ಕಾರ್ನಾಡರ ಪ್ರಾಣೇಶಾಚಾರ್ಯ, ಲಂಕೇಶರ ನಾರಣಪ್ಪ ಎಲ್ಲರಿಗೂ ನೆನಪಾಗುತ್ತಾರೆ. ದುಡ್ಡು ಹಾಕಿ, ನಿರ್ದೇಶಿಸಿ, ಸೆನ್ಸಾರ್‌ನವರ ಜತೆ ಹೋರಾಡಿದ ಟಿ. ಪಟ್ಟಾಭಿರಾಮ ರೆಡ್ಡಿ ಮಾತ್ರ ಬಹುತೇಕ ಮರೆತೇ ಹೋಗುತ್ತಾರೆ.

1919ರಲ್ಲಿ ನೆಲ್ಲೂರಿನಲ್ಲಿ ಹುಟ್ಟಿದವರು, ತೆಲುಗಿನ ನವ್ಯ ಕವಿ, ಮದ್ರಾಸಿನಲ್ಲಿ ತೆಲುಗು ಚಿತ್ರಗಳ ನಿರ್ಮಾಣದಲ್ಲಿ ಪಳಗಿದವರು. ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಅವರ ವಿಚಾರಗಳ ಸೆಳೆತಕ್ಕೆ ಸಿಕ್ಕಮೇಲೆ ಅವರು ಕನ್ನಡಕ್ಕೆ ಬಂದದ್ದು ಲಾಭದ ಲೆಕ್ಕ ಹಾಕಿಕೊಂಡು ಅಲ್ಲ.

‘ಸಂಸ್ಕಾರ’ಕ್ಕೆ ಸ್ಟುಡಿಯೊ ಸೆಟ್ಟಿನ ಬದಲು ಶೃಂಗೇರಿ ಬಳಿಯ ವೈಕುಂಠಪುರದ ಮನೆಗಳೇ ಒದಗಿದವು. ಕ್ಯಾಮೆರಾ ಆಸ್ಟ್ರೇಲಿಯಾದ ಟಾಮ್ ಕೋವನ್ ಅವರದು, ಸಂಗೀತ ರಾಜೀವ ತಾರಾನಾಥರದು. ಪಟ್ಟಾಭಿಯವರ ಪತ್ನಿ ಸ್ನೇಹಲತಾ ಚಂದ್ರಿಯಾದರು. ಕಥೆಯಲ್ಲಿ ಬ್ರಾಹ್ಮಣ ಆಚಾರಗಳನ್ನು ಧಿಕ್ಕರಿಸಿ ಬದುಕಿದ ನಾರಣಪ್ಪನ ಹೆಣ ಮನೆಯೊಳಗಿದೆ, ಅದು ಹೋಗುವವರೆಗೆ ಅಗ್ರಹಾರದಲ್ಲಿ ಊಟವಿಲ್ಲ, ಸಂಸ್ಕಾರ ಯಾರು ಮಾಡಬೇಕೆಂಬುದು ಬಗೆಹರಿಯುತ್ತಿಲ್ಲ. ಅವನ ಜತೆಗಾತಿ ಚಂದ್ರಿ ಮೈಮೇಲಿನ ಒಡವೆ ಬಿಚ್ಚಿ ಮುಂದಿಟ್ಟ ಗಳಿಗೆಯಿಂದ, ಒಲ್ಲೆ ಎಂದಿದ್ದವರ ಮನಸ್ಸೇ ಕದಲುತ್ತದೆ.

ಮದ್ರಾಸಿನ ಸೆನ್ಸಾರ್ ಮಂಡಳಿ ಈ ಚಿತ್ರಕ್ಕೆ ಪ್ರಮಾಣಪತ್ರ ನಿರಾಕರಿಸಿತು. ಒಂದು ಸಮುದಾಯದ ಭಾವನೆಗೆ ಧಕ್ಕೆಯಾದೀತೆಂಬುದು ಅಳುಕು. ಬೆನ್ನಿಗೆ ದೊಡ್ಡ ಕಂಪನಿ ಇಲ್ಲದ ನಿರ್ಮಾಪಕನಿಗೆ ಇದು ಬರೀ ಅಭಿವ್ಯಕ್ತಿಯ ಪ್ರಶ್ನೆಯಲ್ಲ. ಹಾಕಿದ ದುಡ್ಡೆಲ್ಲ ಡಬ್ಬದಲ್ಲಿ ಕೂತಿರುತ್ತದೆ, ಬಿಡುಗಡೆಯಿಲ್ಲದೆ ಒಂದು ಪೈಸೆಯೂ ಹುಟ್ಟುವುದಿಲ್ಲ. ಪ್ರತಿಭಟನೆಗಳಾಗಿ, ಕೊನೆಗೆ ಕೇಂದ್ರ ಸರ್ಕಾರದ ಮಟ್ಟದಲ್ಲಿ ತಡೆ ತೆರವಾಯಿತು. ಅದೇ ಚಿತ್ರಕ್ಕೆ 1970ರ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂತು, ಕನ್ನಡಕ್ಕೆ ಮೊದಲ ಬಾರಿ. ಕನ್ನಡದ ಹೊಸ ಅಲೆಗೆ ಬಾಗಿಲು ತೆರೆದದ್ದು ಈ ಚಿತ್ರ. ಆ ಬಾಗಿಲಲ್ಲಿ ಮೊದಲ ಪೆಟ್ಟು ತಿಂದವರು ಯಾರೆಂಬುದನ್ನೂ ನಾವು ಹೇಳಬೇಕಲ್ಲವೇ?

ಮುಂದಿನ ಪೆಟ್ಟು ಮನೆಗೇ ಬಿತ್ತು. ತುರ್ತುಪರಿಸ್ಥಿತಿಯಲ್ಲಿ, 1976ರ ಮೇನಲ್ಲಿ, ಸರ್ಕಾರದ ವಿರುದ್ಧ ಸ್ಫೋಟದ ಸಂಚು ನಡೆಸಿದರೆಂದು ಜಾರ್ಜ್ ಫರ್ನಾಂಡಿಸ್ ಮತ್ತಿತರರ ಮೇಲೆ ಹೂಡಿದ್ದ ಬರೋಡ ಡೈನಮೈಟ್ ಪ್ರಕರಣದ ನೆಪದಲ್ಲಿ ಸ್ನೇಹಲತಾ ಬಂಧನವಾಯಿತು. ಅಸ್ತಮಾ ರೋಗಿಯಾಗಿದ್ದ ಅವರು ವಿಚಾರಣೆಯಿಲ್ಲದೆ ಬೆಂಗಳೂರಿನ ಸೆಂಟ್ರಲ್ ಜೈಲಿನಲ್ಲಿ ತಿಂಗಳುಗಟ್ಟಲೆ ಕಳೆದರು. ಪೆರೋಲ್ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿ 20ರಂದು ತೀರಿಕೊಂಡರು.

ಅದೇ ವರ್ಷ ‘ಚಂಡಮಾರುತ’ ಬಂತು, 1984ರಲ್ಲಿ ‘ಶೃಂಗಾರ ಮಾಸ’, 1993ರಲ್ಲಿ ‘ದೇವರ ಕಾಡು’. ಕೊನೆಯದಕ್ಕೆ ಪರಿಸರ ಸಂರಕ್ಷಣೆಯ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಸಿಕ್ಕಿತು. ಇಪ್ಪತ್ಮೂರು ವರ್ಷಗಳಲ್ಲಿ ಕನ್ನಡದಲ್ಲಿ ನಾಲ್ಕೇ ಚಿತ್ರ. 2006ರಲ್ಲಿ ಅವರು ಬೆಂಗಳೂರಿನಲ್ಲಿ ನಿಧನರಾದರು.